ನಟ್ ಬಿಗಿಸಿದರೂ ನೇರ ಓಡದ ಸ್ಕೂಟರ್: ಮನೆಯಂಗಳದಲ್ಲೇ ಕೋನ್ ಸೆಟ್ ಬದಲಿಸಿದ ಒಂದು ಪ್ರಕರಣ

ಗಾಡಿ 2014ರ ಮಾಡೆಲಿನ 110 ಸಿಸಿ ಗೇರ್‌ಲೆಸ್ ಸ್ಕೂಟರ್. ಮುಂದೆ 10 ಇಂಚಿನ ಚಕ್ರ, ಡ್ರಮ್ ಬ್ರೇಕ್, ಲಿಂಕ್ ಮಾದರಿಯ ಸಸ್ಪೆನ್ಷನ್. ಓಡಿದ್ದು 52,000 ಕಿ.ಮೀ., ಅದರಲ್ಲಿ ಬಹುಪಾಲು ತೀರ್ಥಹಳ್ಳಿ ಸುತ್ತಮುತ್ತ. ಬೇಸಿಗೆಯಲ್ಲಿ ಕೆಂಪು ಧೂಳು, ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಆಗುಂಬೆ ಸೀಮೆಯ ಮಳೆ, ಮಳೆಗಾಲ ಮುಗಿದ ಮೇಲೆ ಕೆಸರು ತೆಗೆಸಲು ಪಂಪಿನ ನೀರಿನ ವಾಟರ್ ವಾಶ್. ಹ್ಯಾಂಡಲ್‌ಗೆ ಸೇರಿದ ದಂಡ ಫ್ರೇಮಿನ ಕೊರಳಿನಲ್ಲಿ ಸಲೀಸಾಗಿ ತಿರುಗಲು ಮೇಲೊಂದು ಕೆಳಗೊಂದು ಬೇರಿಂಗ್ ಇರುತ್ತದೆ: ಒಂದು ಕಪ್, ಒಂದು ಕೋನ್, ನಡುವೆ ಉಕ್ಕಿನ ಗುಂಡುಗಳು (ಬಾಲ್ಸ್). ಇದೇ ಕೋನ್ ಸೆಟ್. ಅದು ಕೆಡಲು ಬೇಕಾದದ್ದೆಲ್ಲ ಈ ಗಾಡಿಗೆ ಸಿಕ್ಕಿತ್ತು.

ಮೊದಲು ಬಂದದ್ದು ಸದ್ದು. ಹಂಪ್ ಇಳಿಯುವಾಗ, ಮುಂದಿನ ಬ್ರೇಕ್ ಹಿಡಿದಾಗ ಹ್ಯಾಂಡಲ್ ಬುಡದಲ್ಲಿ "ಟಕ್" ಅನ್ನುತ್ತಿತ್ತು. ರಸ್ತೆ ಬದಿಯ ಗ್ಯಾರೇಜೊಂದರಲ್ಲಿ ಮೇಲಿನ ನಟ್ ಬಿಗಿಸಿಕೊಟ್ಟರು, ಸದ್ದು ನಿಂತಿತು. ಎರಡು ವಾರ ಕಳೆದ ಮೇಲೆ ಬೇರೆ ದೂರು ಶುರುವಾಯಿತು: "20–25ರ ಸ್ಪೀಡಲ್ಲಿ ಗಾಡಿ ನೇರ ಹೋಗೋದೇ ಇಲ್ಲ, ಅಲೆದಾಡ್ತದೆ. ಹ್ಯಾಂಡಲ್ ನಡುವೆ ಎಲ್ಲೋ ಹಿಡ್ಕೊಂಡ ಹಾಗಿರ್ತದೆ."

ಈ ಎರಡು ದೂರುಗಳ ಮೂಲ ಒಂದೇ. ಎರಡನೆಯದು ಮೊದಲನೆಯದಕ್ಕಿಂತ ಅಪಾಯಕಾರಿ. ದ್ವಿಚಕ್ರ ವಾಹನ ನೇರ ರಸ್ತೆಯಲ್ಲಿ ಹೋಗುವಾಗಲೂ ಸವಾರನ ಕೈ ಸುಮ್ಮನಿರುವುದಿಲ್ಲ. ಬೀಳದಂತೆ ನಿಲ್ಲಲು ಹ್ಯಾಂಡಲ್ ಎಡಕ್ಕೊಂದಿಷ್ಟು, ಬಲಕ್ಕೊಂದಿಷ್ಟು, ಕಣ್ಣಿಗೆ ಕಾಣದಷ್ಟು ಆಡುತ್ತಲೇ ಇರಬೇಕು. ನಡುವೆ ಹಿಡಿದುಕೊಳ್ಳುವ ಹ್ಯಾಂಡಲ್ ಆ ಸಣ್ಣ ತಿದ್ದುಪಡಿಗೆ ಬಗ್ಗುವುದಿಲ್ಲ. ಬಲ ಹೆಚ್ಚಿಸಿದಾಗ ಒಮ್ಮೆಲೇ ಬಿಟ್ಟುಕೊಂಡು ಬೇಕಾದ್ದಕ್ಕಿಂತ ಜಾಸ್ತಿ ತಿರುಗುತ್ತದೆ, ಆಮೇಲೆ ಆ ಕಡೆಯಿಂದ ಈ ಕಡೆಗೆ. ಗಾಡಿ ಹಾವಿನಂತೆ ಹರಿಯುವುದು ಇದೇ ಕಾರಣಕ್ಕೆ. ಒದ್ದೆ ಮಣ್ಣಿನ ರಸ್ತೆಯಲ್ಲಿ ಇದರಿಂದ ಬಿದ್ದೇ ಬಿಡಬಹುದು.

ತಪಾಸಣೆ

ಸೆಂಟರ್ ಸ್ಟ್ಯಾಂಡ್ ಹಾಕಿದರೆ ಇಂಥ ಸ್ಕೂಟರ್‌ಗಳಲ್ಲಿ ಎದ್ದು ನಿಲ್ಲುವುದು ಹಿಂದಿನ ಚಕ್ರ, ಮುಂದಿನದು ನೆಲದ ಮೇಲೇ ಇರುತ್ತದೆ. ಅದಕ್ಕಾಗಿ ಹಿಂದಿನ ಸೀಟಿನ ತುದಿಗೆ 25 ಕೆ.ಜಿ. ಅಕ್ಕಿ ಚೀಲ ಕಟ್ಟಿ, ಕಾಲಿಡುವ ಜಾಗದ ಕೆಳಗಿನ ಕಬ್ಬಿಣದ ಫ್ರೇಮಿಗೆ ಮರದ ದಿಮ್ಮಿ ಆನಿಸಿ ಮುಂದಿನ ಚಕ್ರವನ್ನು ನೆಲದಿಂದ ಮೇಲೆತ್ತಲಾಯಿತು. ದಿಮ್ಮಿ ಪ್ಲಾಸ್ಟಿಕ್ ಕವರಿಗೆ ತಗುಲಬಾರದು, ಒಡೆಯುತ್ತದೆ.

ಲಿಂಕ್ ಮಾದರಿಯ ಗಾಡಿಯಲ್ಲಿ "ಟಕ್" ಸದ್ದಿಗೆ ಕೋನ್ ಸೆಟ್ ಒಂದೇ ಕಾರಣವಲ್ಲ. ಲಿಂಕ್ ಎಂದರೆ ಚಕ್ರ ಹಿಡಿದಿರುವ ಫೋರ್ಕ್‌ನ ತುದಿಗೂ ಚಕ್ರಕ್ಕೂ ನಡುವಿನ ಸಣ್ಣ ತೋಳು; ಅದು ಆಡುವ ಕೀಲಿನ ಬುಶ್ ಸವೆದರೂ ಅದೇ ಸದ್ದು, ಚಕ್ರದ ಬೇರಿಂಗ್ ಹೋದರೂ ಹೆಚ್ಚುಕಡಿಮೆ ಅದೇ. ಯಾವುದೆಂದು ಗುರುತಿಸುವುದು ಸುಲಭ. ಒಬ್ಬರು ಫೋರ್ಕ್‌ನ ತುದಿಯನ್ನು, ಅಂದರೆ ಲಿಂಕ್‌ಗಿಂತ ಮೇಲಿನ ಗಟ್ಟಿ ಕೊಳವೆಯನ್ನು, ಎರಡೂ ಕೈಯಲ್ಲಿ ಹಿಡಿದು ಹಿಂದೆ ಮುಂದೆ ಎಳೆಯಬೇಕು. ಇನ್ನೊಬ್ಬರು ಕೆಳಗಿನ ಕಪ್ ಮತ್ತು ಕೋನ್ ಕೂಡುವ ಸಂದಿಗೆ ಬೆರಳಿಟ್ಟಿರಬೇಕು. ಬೆರಳಿಗೆ ಅಲುಗಾಟ ತಿಳಿದರೆ ಕೋನ್ ಸೆಟ್. ಕೊಳವೆ ಅಲುಗದೆ ಚಕ್ರ ಮಾತ್ರ ಹಿಂದೆ ಮುಂದೆ ಆಡಿದರೆ ಬುಶ್. ಚಕ್ರದ ಮೇಲ್ತುದಿ ಕೆಳತುದಿ ಹಿಡಿದು ಅಡ್ಡಕ್ಕೆ ಆಡಿಸಿದಾಗ ಆಟ ಕಂಡರೆ ಚಕ್ರದ ಬೇರಿಂಗ್. ಈ ಗಾಡಿಯಲ್ಲಿ ಬುಶ್, ಬೇರಿಂಗ್ ಎರಡೂ ಗಟ್ಟಿಯಾಗಿದ್ದವು. ಟೈರಿನ ಗಾಳಿಯೂ ಸರಿಯಿತ್ತು. ಗಾಳಿ ಕಡಿಮೆಯಾದ ಟೈರ್ ಕೂಡ ಇದೇ ಅಲೆದಾಟ ಕೊಡುವುದರಿಂದ ಅದನ್ನು ಮೊದಲೇ ನೋಡಿಬಿಡಬೇಕು.

ಮುಂದಿನದು ಹ್ಯಾಂಡಲ್. ಎರಡು ಬೆರಳಲ್ಲಿ ಮೆಲ್ಲಗೆ ತಿರುಗಿಸಿದಾಗ ನೇರ ಸ್ಥಿತಿಯಲ್ಲಿ "ಕಟ್" ಎಂದು ಕೂತುಕೊಳ್ಳುತ್ತಿತ್ತು. ಅಲ್ಲಿಂದ ಹೊರಬಂದರೆ ಬಿಗಿ. ಪೂರ್ತಿ ತಿರುಗಿಸುತ್ತ ಹೋದರೆ ಲಾಕ್ ಹತ್ತಿರ, ಅಂದರೆ ಹ್ಯಾಂಡಲ್ ಇನ್ನು ತಿರುಗದೆ ನಿಲ್ಲುವ ಕೊನೆಯ ಹತ್ತಿರ, ಇನ್ನೊಂದು ಸಣ್ಣ ತಡೆ. ಈ ಎರಡನೇ ತಡೆಯನ್ನು ಹೆಚ್ಚಿನವರು ಕೇಬಲ್ ಎಳೆತ ಎಂದುಕೊಂಡು ಬಿಟ್ಟುಬಿಡುತ್ತಾರೆ. ಕೆಳಗಿನ ಬೇರಿಂಗ್‌ನಲ್ಲಿ 19 ಬಾಲ್ಸ್ ಇದ್ದರೆ ಒಂದರಿಂದ ಇನ್ನೊಂದಕ್ಕೆ ಸುಮಾರು 19 ಡಿಗ್ರಿ ಅಂತರ. ಹ್ಯಾಂಡಲ್ ತಿರುಗಿದಷ್ಟು ಬಾಲ್ಸ್ ತಿರುಗುವುದಿಲ್ಲ, ಅದರ ಅರ್ಧದಷ್ಟೇ ಉರುಳುತ್ತವೆ. ಹಾಗಾಗಿ ಹ್ಯಾಂಡಲ್ 38 ಡಿಗ್ರಿ ತಿರುಗಿದಾಗ ಪ್ರತಿ ಬಾಲ್ ಪಕ್ಕದ ಬಾಲ್ ಸವೆಸಿ ಮಾಡಿದ ಗುಳಿಗೆ ಬಂದು ಕೂರುತ್ತದೆ. ನಡುವೆ ಒಂದು, 38 ಡಿಗ್ರಿ ಆಸುಪಾಸಿನಲ್ಲಿ ಮತ್ತೊಂದು ತಡೆ ಸಿಕ್ಕಿತೆಂದರೆ ಗುಳಿ ಬಿದ್ದಿದೆ ಎಂದು ಬಿಚ್ಚುವ ಮುಂಚೆಯೇ ಹೇಳಬಹುದು.

ಬಿಗಿಸಿದ ನಟ್ ಯಾಕೆ ಕೆಲಸ ಮಾಡಲಿಲ್ಲ ಎಂಬುದು ಇಲ್ಲಿಯೇ ಇದೆ. ಗಾಡಿ ನೇರ ಓಡುವ ಹೊತ್ತೇ ಜಾಸ್ತಿಯಾದ್ದರಿಂದ ಬಾಲ್ಸ್ ಒಂದೇ ಜಾಗದಲ್ಲಿ ಕೂತು ಸಣ್ಣಗೆ ಅಲುಗುತ್ತಿರುತ್ತವೆ. ಅಡಿಯ ಗ್ರೀಸ್ ಪಕ್ಕಕ್ಕೆ ಸರಿದು ಲೋಹಕ್ಕೆ ಲೋಹ ಉಜ್ಜುತ್ತದೆ. ಜೊತೆಗೆ ರಸ್ತೆ ಗುಂಡಿಯ ಏಟು ಬೇರೆ. ಕ್ರಮೇಣ ಪ್ರತಿ ಬಾಲ್ ತನಗೊಂದು ಗುಳಿ ಮಾಡಿಕೊಳ್ಳುತ್ತದೆ. ಬಾಲ್ ಗುಳಿಯಲ್ಲಿ ಇಳಿದಾಗ ಹ್ಯಾಂಡಲ್ ಸಡಿಲ, ಗುಳಿ ಹತ್ತಿ ಹೊರಬಂದಾಗ ಬಿಗಿ. ನೇರಕ್ಕೆ ಸರಿಯಾಗುವಂತೆ ನಟ್ ಬಿಗಿಸಿದರೆ ತಿರುವಿನಲ್ಲಿ ಹಿಡಿಯುತ್ತದೆ. ತಿರುವಿಗೆ ಸರಿಮಾಡಿದರೆ ನೇರದಲ್ಲಿ ಟಕ್ ಅನ್ನುತ್ತದೆ. ಎರಡಕ್ಕೂ ಸರಿಹೋಗುವ ನಟ್‌ನ ಜಾಗವೇ ಇಲ್ಲ. ಬಿಗಿಸಿ ಓಡಿಸಿದಷ್ಟೂ ಗುಳಿ ಇನ್ನಷ್ಟು ಆಳವಾಗುತ್ತದೆ. ಗುಳಿ ಬಿದ್ದ ಕೋನ್ ಸೆಟ್ಟಿಗೆ ಅಡ್ಜಸ್ಟ್‌ಮೆಂಟ್ ಮದ್ದಲ್ಲ, ಬದಲಿಸಲೇಬೇಕು.

ಸಾಮಾನು

ಆ ಮಾಡೆಲಿಗೇ ಸೇರಿದ ಪೂರ್ತಿ ಕೋನ್ ಸೆಟ್ ತರಿಸಲಾಯಿತು: ಫ್ರೇಮಿನ ಕೊರಳಿಗೆ ಕೂರುವ ಎರಡು ಕಪ್, ಫೋರ್ಕ್‌ನ ದಂಡದ ಬುಡಕ್ಕೆ ಕೂರುವ ಕೆಳ ಕೋನ್, ದಂಡದ ಮೇಲಿನ ಥ್ರೆಡ್ಡಿಗೆ ತಿರುಗಿಸುವ ಮೇಲ್ಕೋನ್, ಎರಡು ಅಳತೆಯ ಬಾಲ್ಸ್, ಧೂಳು ತಡೆಯುವ ಸೀಲ್. ಬಾಲ್ಸ್ ಮಾತ್ರ ಹೊಸದು ಹಾಕಿ ಹಳೆಯ ಕಪ್ ಉಳಿಸಿಕೊಂಡರೆ ದುಡ್ಡೂ ದಂಡ, ದುಡಿಮೆಯೂ ದಂಡ. ಹೊಸ ಬಾಲ್ ಹಳೆಯ ಗುಳಿಗೇ ಇಳಿಯುತ್ತದೆ.

ಟೇಪರ್ ರೋಲರ್ ಬೇರಿಂಗ್ ಹಾಕಿದರೆ ಹೆಚ್ಚು ಬಾಳಿಕೆ ಬರುತ್ತದಲ್ಲ ಎಂದು ಕೇಳುವವರಿದ್ದಾರೆ. ಆ ಮಾಡೆಲಿಗೆಂದೇ ಮಾಡಿದ್ದು ಸಿಕ್ಕರೆ ಹಾಕಬಹುದು. ಅಂದಾಜಿನಲ್ಲಿ ತಂದದ್ದರ ಎತ್ತರ ಹೆಚ್ಚಾದರೆ ಮೇಲಿನ ಲಾಕ್ ನಟ್ಟಿಗೆ ಸಾಕಷ್ಟು ಥ್ರೆಡ್ ಉಳಿಯುವುದಿಲ್ಲ. ಹ್ಯಾಂಡಲ್ ಹಿಡಿದಿಟ್ಟಿರುವ ನಟ್ ಅದು, ಅಲ್ಲಿ ರಾಜಿ ಬೇಡ.

ಹತಾರಗಳಲ್ಲಿ ಎರಡು ಮಾತ್ರ ವಿಶೇಷ. ಒಂದು ಸಿ-ಸ್ಪ್ಯಾನರ್, ಮೇಲ್ಕೋನಿನ ಕಚ್ಚಿಗೆ ಕೊಕ್ಕೆ ಹಾಕಿ ತಿರುಗಿಸಲು. ಉಳಿ ಇಟ್ಟು ಸುತ್ತಿಗೆಯಲ್ಲಿ ತಟ್ಟಿ ತಿರುಗಿಸುವ ರೂಢಿ ಎಲ್ಲ ಕಡೆ ಇದೆ. ಅದರಿಂದ ಕಚ್ಚು ಹರಿಯುತ್ತದೆ, ಎಷ್ಟು ಬಿಗಿಯಾಯಿತೆಂಬ ಅಂದಾಜೂ ಕೈಗೆ ಸಿಗುವುದಿಲ್ಲ. ಇನ್ನೊಂದು 300 ಮಿ.ಮೀ. ಉದ್ದದ 12 ಮಿ.ಮೀ. ಥ್ರೆಡ್ ರಾಡ್, ಅದಕ್ಕೆ ಎರಡು ನಟ್, ಎರಡು ದಪ್ಪ ವಾಷರ್. ಕಪ್ಪನ್ನು ನೇರ ಎಳೆದು ಕೂರಿಸಲು ಇದಕ್ಕಿಂತ ಒಳ್ಳೆಯ ಸಾಧನವನ್ನು ಮನೆಯಲ್ಲಿ ಮಾಡಿಕೊಳ್ಳಲು ಬರುವುದಿಲ್ಲ. ಉಳಿದದ್ದು ಮಾಮೂಲು: ಸ್ಪ್ಯಾನರ್ ಸೆಟ್, ಸುತ್ತಿಗೆ, ತುದಿ ಚಪ್ಪಟೆಯಾದ ಉದ್ದ ಕಬ್ಬಿಣದ ಸಲಾಕೆ, ಅಗಲ ಉಳಿ, ಎಮರಿ ಕಾಗದ, ತೊಳೆಯಲು ಡೀಸೆಲ್, ಬಟ್ಟೆ, ಎರಡು ಬೋಗುಣಿ, ಮತ್ತು ಲಗೇಜ್ ತೂಗುವ ಕೊಕ್ಕೆಯ ತಕ್ಕಡಿ. ತಕ್ಕಡಿ ಯಾಕೆಂಬುದು ಮುಂದೆ ಬರುತ್ತದೆ.

ಗ್ರೀಸ್ ಲಿಥಿಯಂ ಮೂಲದ್ದು, 2 ಅಥವಾ 3ನೇ ಗ್ರೇಡಿನದು; ಅಂಗಡಿಯಲ್ಲಿ ಎಪಿ3 ಎಂದು ಕೇಳಿದರೆ ಕೊಡುತ್ತಾರೆ. ಸೋಡಿಯಂ ಮೂಲದ ಗ್ರೀಸ್ ನೀರಿಗೆ ಕರಗಿ ಹೋಗುವುದರಿಂದ ಮಲೆನಾಡಿಗೆ ಹೊಂದುವುದಿಲ್ಲ. ಗ್ರಾಫೈಟ್ ಗ್ರೀಸ್ ಲಾರಿಯ ಪಟ್ಟಿ ಸ್ಪ್ರಿಂಗಿಗೆ (ಲೀಫ್ ಸ್ಪ್ರಿಂಗ್) ಸರಿ, ಬಾಲ್ ಬೇರಿಂಗಿಗಲ್ಲ.

ಬಿಚ್ಚಿದ್ದು

ಮೊದಲು ಮೊಬೈಲಿನಲ್ಲಿ ಫೋಟೊ. ಆಕ್ಸಿಲರೇಟರ್ ಕೇಬಲ್, ಎರಡು ಬ್ರೇಕ್ ಕೇಬಲ್, ಸ್ಪೀಡೋಮೀಟರ್ ಕೇಬಲ್, ವೈರಿಂಗ್ ಯಾವುದು ಯಾವುದರ ಮುಂದೆ, ಯಾವುದು ಹಿಂದೆ ಹೋಗಿದೆಯೆಂದು ನಾಲ್ಕು ಕಡೆಯಿಂದ ತೆಗೆದಿಡಬೇಕು. ಜೋಡಿಸುವಾಗ ಒಂದು ಕೇಬಲ್ ದಾರಿ ತಪ್ಪಿದರೂ ಹ್ಯಾಂಡಲ್ ತಿರುಗಿಸಿದಾಗ ಎಂಜಿನ್ ತಾನಾಗಿಯೇ ರೇಸ್ ಆಗಬಹುದು.

ಬ್ಯಾಟರಿಯ ಮೈನಸ್ ತಂತಿ ಬಿಚ್ಚಿ, ಮುಂದಿನ ಪ್ಯಾನಲ್, ಹ್ಯಾಂಡಲ್ ಕವರ್ ತೆಗೆದಾಯಿತು. ಹ್ಯಾಂಡಲ್ಲನ್ನು ದಂಡಕ್ಕೆ ಹಿಡಿದಿರುವ ಅಡ್ಡ ಬೋಲ್ಟ್ ದಂಡದ ಪಕ್ಕದ ಕಚ್ಚಿನೊಳಗೆ ಹಾದುಹೋಗಿರುತ್ತದೆ. ಅದನ್ನು ಸಡಿಲಿಸಿದರೆ ಸಾಲದು, ಪೂರ್ತಿ ಹೊರಗೆಳೆಯಬೇಕು. ಇಲ್ಲವಾದರೆ ಎಷ್ಟು ಜಗ್ಗಿದರೂ ಹ್ಯಾಂಡಲ್ ಮೇಲೇಳುವುದಿಲ್ಲ. ಹೊರಬಂದ ಹ್ಯಾಂಡಲ್ಲನ್ನು ಕೇಬಲ್ ಸಮೇತ ಹಿಂದಕ್ಕೆ ಬಾಗಿಸಿ ಸೀಟಿಗೆ ಹಗ್ಗದಲ್ಲಿ ಕಟ್ಟಲಾಯಿತು. ಕೇಬಲ್ ಒಂದೊಂದನ್ನೂ ಬಿಚ್ಚುವ ಕೆಲಸ ಇದರಿಂದ ಉಳಿಯಿತು. ಮುಂದಿನ ಚಕ್ರದ ಕಡೆ ಬ್ರೇಕ್ ಕೇಬಲ್, ಸ್ಪೀಡೋ ಕೇಬಲ್ ತಪ್ಪಿಸಿ, ಆಕ್ಸಲ್ ಎಳೆದು ಚಕ್ರ, ಆಮೇಲೆ ಮಡ್‌ಗಾರ್ಡ್. (ಮುಂದೆ ಡಿಸ್ಕ್ ಬ್ರೇಕ್ ಇರುವ ಗಾಡಿಯಾದರೆ ಕ್ಯಾಲಿಪರನ್ನು ಅದರ ಪೈಪಿನ ಮೇಲೆ ನೇತಾಡಲು ಬಿಡಬಾರದು, ತಂತಿಯಲ್ಲಿ ಕಟ್ಟಿಡಬೇಕು.)

ಲಾಕ್ ನಟ್ ಬಿಚ್ಚಿದ ಮೇಲೆ ನೆಲಕ್ಕೆ ಹಳೆಯ ಬಿಳಿ ಪಂಚೆ ಹಾಸಿ, ಒಬ್ಬರು ಫೋರ್ಕನ್ನು ಮೇಲಕ್ಕೆ ಒತ್ತಿ ಹಿಡಿದು, ಇನ್ನೊಬ್ಬರು ಮೇಲ್ಕೋನ್ ತಿರುಗಿಸಿ ತೆಗೆದರು. ಮೇಲಿನ ಬಾಲ್ಸ್ ಕಪ್ಪಿನಲ್ಲೇ ಉಳಿಯುತ್ತವೆ, ಹೆಕ್ಕಿಕೊಳ್ಳಬಹುದು. ಫೋರ್ಕ್ ಇಳಿಸಿದಾಗ ಕೆಳಗಿನವು ಒಣಗಿದ ಗ್ರೀಸಿನಿಂದ ಬಿಡಿಸಿಕೊಂಡು ಉದುರುತ್ತವೆ. ಮೇಲಿನದನ್ನು ಒಂದು ಬೋಗುಣಿಗೆ, ಕೆಳಗಿನದನ್ನು ಇನ್ನೊಂದಕ್ಕೆ. ಎಣಿಸಿದಾಗ ಮೇಲೆ 26, ಕೆಳಗೆ 19. ವರ್ನಿಯರ್ ಹಿಡಿದಾಗ ಮೇಲಿನದು 4.76 ಮಿ.ಮೀ., ಅಂದರೆ 3/16 ಇಂಚು, ಕೆಳಗಿನದು 6.35 ಮಿ.ಮೀ., ಕಾಲು ಇಂಚು. ಇದು ಎಲ್ಲ ಗಾಡಿಗೂ ಒಂದೇ ಅಲ್ಲ, ನಿಮ್ಮ ಗಾಡಿಯದನ್ನು ನೀವೇ ಎಣಿಸಿ ಬರೆದಿಟ್ಟುಕೊಳ್ಳಬೇಕು.

ಡೀಸೆಲ್‌ನಲ್ಲಿ ತೊಳೆದ ಕೆಳ ಕೋನನ್ನು ಬೆಳಕಿಗೆ ಓರೆಯಾಗಿ ಹಿಡಿದಾಗ ಚಿತ್ರ ಸ್ಪಷ್ಟವಾಯಿತು. ಸುತ್ತಲೂ ಅಳಗುಳಿಮಣೆಯ ಹಾಗೆ ಸಮ ಅಂತರದ 19 ಗುಳಿಗಳು, ಒಂದೊಂದೂ ಅರ್ಧ ಅಕ್ಕಿ ಕಾಳಿನಷ್ಟು ಅಗಲ. ಮುಂದೆ ಮತ್ತು ಹಿಂದೆ ಬರುವ ಗುಳಿಗಳು ಆಳ, ಪಕ್ಕದವು ತೇಲಿದವು. ಬಾಲ್ ಪೆನ್ನಿನ ಮೊನೆ ಓಡಿಸಿದರೆ ಪ್ರತಿ ಗುಳಿಗೂ ತಡೆದು ಹಾರುತ್ತಿತ್ತು. ಗುಳಿಗಳ ತಳ ಹೊಳಪಿಲ್ಲದೆ ಕಂದು ಬಣ್ಣಕ್ಕೆ ತಿರುಗಿತ್ತು: ಒಣಗಿದ ಜಾಗದಲ್ಲಿ ಉಜ್ಜಿ ಉದುರಿದ ಉಕ್ಕಿನ ಪುಡಿಗೆ ಹಿಡಿದ ತುಕ್ಕು. ಸೀಲ್ ಒಂದು ಕಡೆ ಹರಿದಿತ್ತು. ಪಂಪಿನ ನೀರು ನುಗ್ಗಿದ್ದು ಅಲ್ಲಿಂದ. ಮೇಲಿನ ಕಪ್ಪಿನಲ್ಲಿ ಹಳದಿ ಗ್ರೀಸ್ ಇನ್ನೂ ಮೆತ್ತಗೇ ಇತ್ತು, ಗೆರೆ ಬಿಟ್ಟರೆ ಹೆಚ್ಚು ಹಾನಿಯಿಲ್ಲ. ಗುಂಡಿಯ ಏಟನ್ನೂ ಚಕ್ರ ಎರಚುವ ಕೆಸರನ್ನೂ ತಿನ್ನುವುದು ಕೆಳಗಿನದೇ ಆದ್ದರಿಂದ ಮೊದಲು ಹೋಗುವುದೂ ಅದೇ.

ಕಪ್ ತೆಗೆದು ಕೂರಿಸಿದ್ದು

ಹಳೆಯ ಕಪ್ಪನ್ನು ಎದುರು ಬದಿಯಿಂದ ಸಲಾಕೆ ತೂರಿಸಿ ಹೊಡೆದು ತೆಗೆಯುವುದು. ಕೊರಳಿನ ಒಳಗೆ ಕಪ್ಪಿನ ಅಂಚು ಸ್ವಲ್ಪ ಚಾಚಿರುತ್ತದೆ, ಸಲಾಕೆಯ ತುದಿ ಅದಕ್ಕೆ ಸಿಗಬೇಕು. ಒಂದೇ ಕಡೆ ಹೊಡೆದರೆ ಕಪ್ ಓರೆಯಾಗಿ ಕೊರಳಿನ ಒಳಮೈ ಕೆರೆಯುತ್ತದೆ. ಎಡಕ್ಕೊಂದು ಬಲಕ್ಕೊಂದು, ಮುಂದಕ್ಕೊಂದು ಹಿಂದಕ್ಕೊಂದು ಏಟು ಹಾಕುತ್ತ ಇಳಿಸಬೇಕು. ಹೊಡೆತಕ್ಕೆ ಗಾಡಿ ದಿಮ್ಮಿಯ ಮೇಲಿಂದ ಜಾರದಂತೆ ಫ್ರೇಮನ್ನು ಮಾಡಿನ ಕಂಬಕ್ಕೆ ಹಗ್ಗ ಹಾಕಿ ಕಟ್ಟಲಾಗಿತ್ತು.

ದಂಡದ ಬುಡದ ಕೋನ್ ಅಡಿಗೆ ಅಗಲ ಉಳಿ ಕೊಟ್ಟು ಸುತ್ತ ನಾಲ್ಕು ಕಡೆ ತಟ್ಟಿದರೆ ಕೂದಲೆಳೆಯಷ್ಟು ಏಳುತ್ತದೆ. ಆಮೇಲೆ ಎರಡು ಉಳಿ ಎದುರು ಬದುರು ಕೊಟ್ಟು ಎಬ್ಬಿಸಬಹುದು. ಗ್ಯಾಸ್ ಜ್ವಾಲೆ ಹಿಡಿದು ಕಾಯಿಸುವ ಚಾಳಿ ಬೇಡ. ಹದ ಹಾಕಿದ ದಂಡದ ಉಕ್ಕು ಮೆತ್ತಗಾದರೆ ಅದನ್ನು ಮರಳಿ ಗಟ್ಟಿ ಮಾಡಲು ಮನೆಯಲ್ಲಿ ಆಗದು.

ಹೊಸ ಕಪ್ಪುಗಳನ್ನು ಹಿಂದಿನ ರಾತ್ರಿಯೇ ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ಫ್ರೀಜರಿನಲ್ಲಿಟ್ಟದ್ದಾಯಿತು. 47 ಮಿ.ಮೀ. ಹೊರ ಅಳತೆಯ ಉಕ್ಕು 27 ಡಿಗ್ರಿಯಿಂದ ಮೈನಸ್ 18ಕ್ಕೆ ಇಳಿದರೆ ಸುಮಾರು 0.025 ಮಿ.ಮೀ. ಕುಗ್ಗುತ್ತದೆ. ಕೆಳ ಕೋನಿಗೆ ಇದಕ್ಕೆ ತದ್ವಿರುದ್ಧ: ಕುದಿಯುವ ನೀರಿನಲ್ಲಿ ಹತ್ತು ನಿಮಿಷ ಇಟ್ಟರೆ 30 ಮಿ.ಮೀ. ಒಳ ಅಳತೆ ಅಷ್ಟೇ, 0.025 ಮಿ.ಮೀ. ಹಿಗ್ಗುತ್ತದೆ. ನೋಡಲು ಏನೂ ಅಲ್ಲದ ಅಂಕಿ, ಆದರೆ ಬಿಗಿಯಾಗಿ ಕೂರುವ ಭಾಗಗಳಲ್ಲಿ ಹತ್ತು ಏಟು ಬೇಕಾದಲ್ಲಿ ಎರಡು ಏಟಿಗೆ ಕೆಲಸವಾಗುತ್ತದೆ. ನೀರಿನಿಂದ ತೆಗೆದ ಕೋನನ್ನು ತಕ್ಷಣ ಒರೆಸಿ, ಸೀಲ್ ಮೊದಲು ಹಾಕಿ, ಕೋನಿನ ಒಳ ಅಂಚಿಗಷ್ಟೇ ತಗುಲುವ ಕಬ್ಬಿಣದ ಪೈಪ್ ಇಟ್ಟು ತಟ್ಟಿ ಇಳಿಸಬೇಕು. ಬಾಲ್ಸ್ ಓಡುವ ದಾರಿಗೆ ಪೈಪಾಗಲಿ ಸುತ್ತಿಗೆಯಾಗಲಿ ತಾಗಕೂಡದು. ಅಲ್ಲಿ ಬಿದ್ದ ಒಂದು ಏಟು ಹೊಸ ಕೋನಿಗೆ ಮೊದಲ ಗುಳಿ.

ಕಪ್ಪುಗಳನ್ನು ಥ್ರೆಡ್ ರಾಡಿನಿಂದ ಎಳೆಯಲಾಯಿತು. ಹೊಸ ಕಪ್ಪಿನ ಮೇಲೆ ಹಳೆಯ ಕಪ್ಪನ್ನು ಬೋರಲಾಗಿ ಇಟ್ಟು ಅದರ ಮೇಲೆ ವಾಷರ್ ಕೂರಿಸಿದರೆ ಒತ್ತಡ ಅಂಚಿಗೆ ಮಾತ್ರ ಬೀಳುತ್ತದೆ. ಒಂದು ಸಲಕ್ಕೆ ಒಂದೇ ಕಪ್. ಮೊದಲ ಎರಡು ಸುತ್ತಿನಲ್ಲಿ ಓರೆಯಾದರೆ ಅಲ್ಲೇ ನಿಲ್ಲಿಸಿ ಹಿಂದೆ ತಟ್ಟಿ ತೆಗೆದು ಮತ್ತೆ ಶುರು ಮಾಡಬೇಕು, ಎಳೆದೇ ಸರಿಮಾಡುತ್ತೇನೆ ಅನ್ನಬಾರದು.

ಈ ಹಂತದಲ್ಲಿ ಒಂದು ತಪ್ಪಾಯಿತು. ಮೇಲಿನ ಕಪ್ ಚೆನ್ನಾಗಿ ಕೂತಿತು. ಕೆಳಗಿನದು ನಟ್ ಬಿಗಿಯಾಯಿತೆಂಬ ಕಾರಣಕ್ಕೆ ಕೂತಿತೆಂದು ತಿಳಿದು ಮುಂದಕ್ಕೆ ಹೋದದ್ದು. ಜೋಡಿಸಿದ ದಿನ ಹ್ಯಾಂಡಲ್ ಬೆಣ್ಣೆಯಂತೆ ತಿರುಗಿತು, ಆಟವಿರಲಿಲ್ಲ. 40 ಕಿ.ಮೀ. ಓಡಿದ ಮೇಲೆ ಮಾರನೆಯ ದಿನ ಹಳೆಯ "ಟಕ್" ಮತ್ತೆ ಕೇಳಿಸಿತು.

ಇಂಥ ಹೊತ್ತಿನಲ್ಲಿ ಕೈ ಹೋಗುವುದು ಮೇಲ್ಕೋನ್ ಬಿಗಿಸುವ ಕಡೆಗೆ. ಹೊಸ ಸೆಟ್ಟಿನಲ್ಲಿ 40 ಕಿ.ಮೀ.ಗೇ ಸಡಿಲು ಬಂದರೆ ಅದು ಸವೆತವಲ್ಲ. ಕೂರದ ಯಾವುದೋ ಭಾಗ ಈಗ ಕೂರುತ್ತಿದೆ ಎಂದೇ ಅರ್ಥ. ಮತ್ತೆ ಬಿಚ್ಚಿ ನೋಡಿದಾಗ ಕೆಳ ಕಪ್ಪಿನ ತೋಳಿಗೂ ಕೊರಳಿನ ಅಂಚಿಗೂ ನಡುವೆ ಒಂದು ಬದಿಯಲ್ಲಿ ಬರೆಯುವ ಕಾಗದದ ಪಟ್ಟಿ ಎರಡು ಮಡಿಕೆಯಾಗಿ ತೂರುತ್ತಿತ್ತು. ಅಂಥ ಕಾಗದ ಒಂದು ಪದರಕ್ಕೆ ಸುಮಾರು 0.1 ಮಿ.ಮೀ., ಅಂದರೆ ಸಂದು 0.2. ಕಪ್ ಹೊರತೆಗೆದಾಗ ಕಾರಣ ಸಿಕ್ಕಿತು. ಹಳೆಯ ಕಪ್ಪನ್ನು ಹೊಡೆದು ತೆಗೆಯುವಾಗ ಕೊರಳಿನ ಅಂಚಿನಲ್ಲಿ ಎದ್ದ ಒಂದು ಸಣ್ಣ ಮುಳ್ಳು, ಅದರ ಪಕ್ಕ ಬಣ್ಣದ ಒಂದು ಹೆಕ್ಕಳೆ. ಅರದಿಂದ ಮುಳ್ಳು ಉಜ್ಜಿ, ಬಣ್ಣ ಕೆರೆದು, ಎಮರಿ ಕಾಗದದಿಂದ ಅಂಚನ್ನು ನುಣುಪು ಮಾಡಿ, ತೊಳೆದು ಮತ್ತೆ ಎಳೆದದ್ದಾಯಿತು. ಈ ಸಲ ಸುತ್ತ ಎಲ್ಲೂ ಒಂದು ಪದರ ಕಾಗದವೂ ತೂರಲಿಲ್ಲ. ಸುತ್ತಿಗೆಯಿಂದ ಮೆಲ್ಲಗೆ ತಟ್ಟಿದಾಗಿನ ಸದ್ದೂ ಬದಲಾಗಿತ್ತು: ಮೊದಲು ಮಂಕಾಗಿ "ದಬ್" ಅನ್ನುತ್ತಿದ್ದದ್ದು ಈಗ ಫ್ರೇಮಿಡೀ ಮೊಳಗುವಂತೆ "ಠಣ್" ಅಂದಿತು. ಕಾಗದದ ಪರೀಕ್ಷೆಗೆ ಹಿಡಿಯುವುದು ಅರ್ಧ ನಿಮಿಷ. ಅದನ್ನು ಬಿಟ್ಟದ್ದಕ್ಕೆ ಎರಡು ಗಂಟೆ ಮತ್ತೆ ಕೆಲಸ.

ಬಾಲ್ಸ್ ಜೋಡಣೆ

ಕಪ್ಪಿಗೆ ಧಾರಾಳವಾಗಿ ಗ್ರೀಸ್ ಮೆತ್ತಿ ಬಾಲ್ಸ್ ಒಂದೊಂದಾಗಿ ಒತ್ತುತ್ತ ಹೋಗಬೇಕು. ಮೇಲಿನದು ಕಪ್ಪಿನೊಳಗೆ, ಕೆಳಗಿನದು ದಂಡದ ಬುಡದ ಕೋನಿಗೆ ಅಂಟಿಸಿ. ಎರಡಕ್ಕೂ ಸೇರಿ ದೊಡ್ಡ ನೆಲ್ಲಿಕಾಯಿಯಷ್ಟು ಗ್ರೀಸ್ ಬೇಕು. ಬಾಲ್ಸ್ ನಡುವಿನ ಸಂದು ಪೂರ್ತಿ ತುಂಬಿರಲಿ. ಇಲ್ಲಿ ಬೇರಿಂಗ್ ವೇಗವಾಗಿ ತಿರುಗುವುದೇ ಇಲ್ಲವಾದ್ದರಿಂದ ಗ್ರೀಸ್ ಜಾಸ್ತಿಯಾದರೆ ಬಿಸಿಯಾಗುವ ಭಯವಿಲ್ಲ. ನೀರಿಗೆ ಅದೇ ತಡೆಗೋಡೆ.

ಕೊನೆಯಲ್ಲಿ ಸ್ವಲ್ಪ ಜಾಗ ಉಳಿದು ಇನ್ನೊಂದು ಬಾಲ್ ಹಿಡಿಸಬಹುದೇನೋ ಅನಿಸುತ್ತದೆ. ತುರುಕಬಾರದು. ಬಾಲ್ಸ್ ಸಾಲಿನ ನಡುಗೆರೆಯ ಅಳತೆ 40 ಮಿ.ಮೀ. ಇದ್ದರೆ 6.35ರ ಬಾಲ್ಸ್ ಲೆಕ್ಕಕ್ಕೆ 19.7 ಬರುತ್ತದೆ, 4.76ರದು 26.3. ಆ ಚೂರು ಜಾಗವೇ ಅವು ಒಂದನ್ನೊಂದು ಉಜ್ಜದೆ ಉರುಳಲು ಬೇಕಾದದ್ದು. ಇಪ್ಪತ್ತನೆಯದನ್ನು ತುರುಕಿದರೆ ಒಂದು ಬಾಲ್ ಸಾಲಿನಿಂದ ಮೇಲೆದ್ದು ಕೋನನ್ನು ಓರೆಯಾಗಿ ಹಿಡಿಯುತ್ತದೆ. ಕಡಿಮೆ ಹಾಕಿದರೆ ಉಳಿದವುಗಳ ಮೇಲೆ ಭಾರ ಹೆಚ್ಚಿ ಬೇಗ ಗುಳಿ ಬೀಳುತ್ತದೆ.

ಫೋರ್ಕ್ ಮೇಲೇರಿಸುವಾಗ ನೇರ ಎತ್ತಬೇಕು. ದಂಡದ ತುದಿ ಮೇಲಿನ ಬಾಲ್ಸ್‌ಗೆ ತಗುಲಿ ಒಂದು ಒಳಕ್ಕೆ ಬಿದ್ದರೂ ಗೊತ್ತಾಗುವುದಿಲ್ಲ. ಎತ್ತಿದ ಮೇಲೆ ಮೇಲಿನ ಕಪ್ಪಿನಲ್ಲಿ 26 ಇದೆಯೇ ಎಂದು ಇನ್ನೊಮ್ಮೆ ಎಣಿಸಿ ಮೇಲ್ಕೋನ್ ಕೈಯಲ್ಲೇ ತಿರುಗಿಸಬೇಕು. ಥ್ರೆಡ್ ಮೊದಲ ಮೂರು ಸುತ್ತು ಬೆರಳ ಬಲದಲ್ಲೇ ಹೋಗದಿದ್ದರೆ ಅಡ್ಡ ಹತ್ತಿದೆ ಎಂದರ್ಥ.

ಅಡ್ಜಸ್ಟ್‌ಮೆಂಟ್

ಇಲ್ಲಿಗೆ ತಕ್ಕಡಿ. ಬಿಗಿ ಅಳೆಯುವ ಟಾರ್ಕ್ ರೆಂಚಿಗೆ ಮಾಮೂಲಿ ಸಿ-ಸ್ಪ್ಯಾನರ್ ಸಿಕ್ಕಿಸಲು ಬರುವುದಿಲ್ಲ. ಆದರೆ ಟಾರ್ಕ್ ಎಂದರೆ ಎಳೆತ ಗುಣಿಸು ಉದ್ದ, ಅಷ್ಟೇ. 25 ಸೆಂ.ಮೀ. ಉದ್ದದ ಸಿ-ಸ್ಪ್ಯಾನರಿನ ತುದಿಗೆ ಕೊಕ್ಕೆ ಹಾಕಿ, ಸ್ಪ್ಯಾನರಿಗೆ ಲಂಬವಾಗಿ 10 ಕೆ.ಜಿ. ತೋರಿಸುವಷ್ಟು ಎಳೆದರೆ ಸುಮಾರು 25 ನ್ಯೂಟನ್ ಮೀಟರ್. ಬಾಲ್ಸ್ ಮತ್ತು ಗ್ರೀಸನ್ನು ಒತ್ತಿ ಕೂರಿಸಲು ಮೊದಲು ಅಷ್ಟು ಬಿಗಿ ಕೊಟ್ಟು, ಫೋರ್ಕನ್ನು ಈ ಲಾಕಿನಿಂದ ಆ ಲಾಕಿಗೆ ಆರು ಸಲ ತಿರುಗಿಸಿ, ಮೇಲ್ಕೋನನ್ನು ಅರ್ಧ ಸುತ್ತು ಸಡಿಲಿಸಲಾಯಿತು. ಈ ಬಿಗಿಯಲ್ಲೇ ಬಿಟ್ಟು ಓಡಿಸುವಂತಿಲ್ಲ, ಇದು ಕೂರಿಸಲು ಮಾತ್ರ.

ನಂತರ ಮೇಲ್ಕೋನನ್ನು ಆಟ ಹೋಗಿ ಹಗುರವಾಗಿ ತಡೆ ಸಿಗುವವರೆಗೆ ತಿರುಗಿಸಿ, ಅಲ್ಲಿ ಮಾರ್ಕರ್ ಪೆನ್ನಿನಿಂದ ಕೋನಿನ ಮೇಲೂ ಕೊರಳಿನ ಮೇಲೂ ಗುರುತು. ಅಲ್ಲಿಂದ ಎಂಟನೇ ಒಂದು ಸುತ್ತು, 45 ಡಿಗ್ರಿ, ಹಿಂದಕ್ಕೆ. ಥ್ರೆಡ್ಡಿನ ಪಿಚ್, ಅಂದರೆ ಒಂದು ಸುತ್ತಿಗೆ ಏರುವ ದೂರ, ಸುಮಾರು 1 ಮಿ.ಮೀ. ಇದ್ದರೆ 45 ಡಿಗ್ರಿಗೆ ಕೋನ್ ಮೇಲೇಳುವುದು 0.125 ಮಿ.ಮೀ. ಹಿಂದಕ್ಕೆ ತಿರುಗಿಸಿದ ಕೂಡಲೇ ಆಟ ಕಾಣಿಸುತ್ತದೆ. ಕಾಣಿಸಲಿ. ಇದು ಮನೆಯಲ್ಲಿ ಮಾಡುವವರು ಹೆಚ್ಚಾಗಿ ಎಡವುವ ಜಾಗ: ಲಾಕ್ ನಟ್ ಹಾಕುವ ಮುಂಚೆಯೇ ಹ್ಯಾಂಡಲ್ ಸರಿಯಾಗಿದೆ ಅನಿಸಿದರೆ, ಹಾಕಿದ ಮೇಲೆ ಅದು ಬಿಗಿಯಾಗಿಯೇ ತೀರುತ್ತದೆ. ಥ್ರೆಡ್ಡಿನಲ್ಲಿ ಸ್ವಲ್ಪ ಸಡಿಲು ಇದ್ದೇ ಇರುತ್ತದೆ. ಬಾಲ್ಸ್‌ನ ಒತ್ತಡಕ್ಕೆ ಕೋನ್ ಆ ಸಡಿಲಿನಲ್ಲಿ ಮೇಲಕ್ಕೆ ಆನಿಕೊಂಡಿರುತ್ತದೆ. ಲಾಕ್ ನಟ್ ಬಂದು ಒತ್ತಿದಾಗ ಅಷ್ಟೂ ಕೆಳಗಿಳಿಯುತ್ತದೆ. ಆ ಇಳಿತಕ್ಕೆ ಜಾಗ ಬಿಡುವುದಕ್ಕೇ 45 ಡಿಗ್ರಿ.

ಲಾಕ್ ನಟ್ ಬಿಗಿಸುವಾಗ ಸಿ-ಸ್ಪ್ಯಾನರಿನಿಂದ ಕೋನನ್ನು ಹಿಂದಕ್ಕೆ ತಿರುಗಿಸಿಟ್ಟ ಜಾಗದಲ್ಲೇ ಹಿಡಿದಿರಬೇಕು, ಇಲ್ಲದಿದ್ದರೆ ನಟ್ ಜೊತೆ ಅದೂ ತಿರುಗುತ್ತದೆ. ಇಲ್ಲಿ ಕೊಟ್ಟದ್ದು 70 ನ್ಯೂಟನ್ ಮೀಟರ್: 50 ಸೆಂ.ಮೀ. ಸರಳಿನ ತುದಿಯಲ್ಲಿ 14 ಕೆ.ಜಿ. ಎಳೆತ. ನಿಮ್ಮ ಗಾಡಿಯ ಸರ್ವಿಸ್ ಕೈಪಿಡಿಯಲ್ಲಿ ಬೇರೆ ಅಂಕಿಯಿದ್ದರೆ ಅದೇ ಸರಿ.

ಮೊದಲ ಪ್ರಯತ್ನದಲ್ಲಿ, 45 ಡಿಗ್ರಿಯಲ್ಲಿ, ಲಾಕ್ ಆದ ಮೇಲೂ ಬೆರಳಿಗೆ ಕೂದಲೆಳೆಯಷ್ಟು ಆಟ ಉಳಿಯಿತು. ಎರಡನೆಯದರಲ್ಲಿ 20 ಡಿಗ್ರಿ, ಹ್ಯಾಂಡಲ್ ಭಾರ. ಮೂರನೆಯದು 30 ಡಿಗ್ರಿಗೆ ಹದ ಸಿಕ್ಕಿತು. ಮೂರು ಸಲ ಲಾಕ್ ನಟ್ ಬಿಚ್ಚಿ ಹಾಕುವುದು ಈ ಕೆಲಸದಲ್ಲಿ ಸಾಮಾನ್ಯ, ಬೇಸರಿಸಬಾರದು. 20ಕ್ಕೂ 30ಕ್ಕೂ ಇರುವ ಅಂತರ 0.03 ಮಿ.ಮೀ.ಗೂ ಕಡಿಮೆ, ಆದರೆ ಕೈಗೆ ಸ್ಪಷ್ಟವಾಗಿ ತಿಳಿಯಿತು.

ಹದ ತಿಳಿಯಲು ಎರಡು ಪರೀಕ್ಷೆಯನ್ನು ಒಟ್ಟಿಗೆ ಮಾಡಬೇಕು. ಹ್ಯಾಂಡಲ್, ಕೇಬಲ್ ಹಾಕುವ ಮುಂಚೆ ಚಕ್ರ ಮಾತ್ರ ಜೋಡಿಸಿ, ನೇರ ನಿಲ್ಲಿಸಿ ಒಂದು ಬೆರಳಲ್ಲಿ ಸ್ವಲ್ಪ ನೂಕಿದರೆ ಫೋರ್ಕ್ ತನ್ನ ಭಾರಕ್ಕೆ ತಾನೇ ಲಾಕಿನವರೆಗೆ ಬೀಳಬೇಕು, ಎಡಕ್ಕೂ ಬಲಕ್ಕೂ. ಜೊತೆಗೆ ಫೋರ್ಕಿನ ತುದಿ ಹಿಡಿದು ಎಳೆದರೆ ಸದ್ದೂ ಆಟವೂ ಇರಬಾರದು. ನೇರದಲ್ಲಿ ಒಮ್ಮೆ, ಎರಡೂ ಕಡೆ ಅರ್ಧ ತಿರುಗಿಸಿ ಒಮ್ಮೊಮ್ಮೆ. ಎಲ್ಲ ಕೇಬಲ್ ಹಾಕಿದ ಮೇಲೆ ಬೀಳುವ ಪರೀಕ್ಷೆ ಮಾಡಿದರೆ ಕೇಬಲ್ಲಿನ ಎಳೆತ ಸೇರಿಕೊಂಡು ಮೋಸವಾಗುತ್ತದೆ.

ರಸ್ತೆಗೆ

ಹ್ಯಾಂಡಲ್ ಕೂರಿಸಿ, ಅಡ್ಡ ಬೋಲ್ಟ್ ಕಚ್ಚಿನೊಳಗೆ ಹಾದದ್ದನ್ನು ಕಣ್ಣಾರೆ ನೋಡಿ ಬಿಗಿಸಿ, ಚಕ್ರಕ್ಕೆ ನೇರ ಹೊಂದಿಸಿ, ಮುಂದಿನ ಬ್ರೇಕ್ ಕೇಬಲ್ ಅಡ್ಜಸ್ಟ್ ಮಾಡಿದ್ದಾಯಿತು. ಎಂಜಿನ್ ಐಡಲಿನಲ್ಲಿಟ್ಟು ಹ್ಯಾಂಡಲ್ಲನ್ನು ಎರಡೂ ಲಾಕಿಗೆ ತಿರುಗಿಸಿದಾಗ ಸದ್ದು ಏರಲಿಲ್ಲ: ಆಕ್ಸಿಲರೇಟರ್ ಕೇಬಲ್ ಸರಿದಾರಿಯಲ್ಲಿದೆ. ಮೊದಲ ಓಟ ನಡಿಗೆಯ ವೇಗದಲ್ಲಿ, ಖಾಲಿ ರಸ್ತೆಯಲ್ಲಿ, ಮುಂದಿನ ಬ್ರೇಕ್ ನಾಲ್ಕಾರು ಸಲ ಹಿಡಿದು. ಆಮೇಲೆ 20–25ರ ವೇಗ. ಅಲೆದಾಟ ಇರಲಿಲ್ಲ. ಕೈ ಬಿಟ್ಟು ಓಡಿಸಿ ನೋಡುವುದು ಕೆಲವರ ಪದ್ಧತಿ. ಹ್ಯಾಂಡಲ್ ಬಿಚ್ಚಿ ಜೋಡಿಸಿದ ಗಾಡಿಯಲ್ಲಿ ಅದನ್ನು ಖಂಡಿತ ಮಾಡಕೂಡದು.

500 ಕಿ.ಮೀ. ಆದಾಗ ಮತ್ತೆ ಚಕ್ರ ಎತ್ತಿ ನೋಡಿದಾಗ ಬೆರಳ ತುದಿಗೆ ತುಸು ಆಟ ತಿಳಿಯಿತು, ಹೊಸ ಭಾಗಗಳು ಒಂದಕ್ಕೊಂದು ಹೊಂದಿಕೊಂಡಾಗ ಇಷ್ಟು ಸಹಜ. ಕೋನನ್ನು ಇದ್ದ ಜಾಗದಿಂದ 10 ಡಿಗ್ರಿ ಮುಂದಕ್ಕೆ ತಂದು, ಹೊಸದಾಗಿ ಗುರುತು ಹಾಕಿ ಲಾಕ್ ಮಾಡಲಾಯಿತು. 2,000 ಕಿ.ಮೀ.ಗೆ ನೋಡಿದಾಗ ಗುರುತು ಅಲ್ಲಾಡಿರಲಿಲ್ಲ, ಹ್ಯಾಂಡಲ್ ಎರಡೂ ಕಡೆ ತಾನೇ ಬೀಳುತ್ತಿತ್ತು. ಇನ್ನು ಪ್ರತಿ 10,000–12,000 ಕಿ.ಮೀ.ಗೆ, ಸಾಧ್ಯವಾದಷ್ಟು ಮೇ ತಿಂಗಳಲ್ಲೇ, ಫೋರ್ಕ್ ಇಳಿಸಿ ಗ್ರೀಸ್ ಬದಲಿಸುವುದೆಂದಾಗಿದೆ. ವಾಟರ್ ವಾಶ್ ಮಾಡುವವರಿಗೆ ಪಂಪಿನ ಮೂತಿಯನ್ನು ಹ್ಯಾಂಡಲ್ ಬುಡಕ್ಕೂ ಮಡ್‌ಗಾರ್ಡ್ ಒಳಗಿನಿಂದ ಮೇಲಕ್ಕೂ ಹಿಡಿಯಬೇಡಿ ಎಂದು ಬಾಯಿಬಿಟ್ಟು ಹೇಳಬೇಕು. ಹಳೆಯ ಕಪ್ ಎರಡನ್ನೂ ಎಸೆದಿಲ್ಲ. ಅಂಚು ಉಜ್ಜಿ, ಎಣ್ಣೆ ಸವರಿ, ಥ್ರೆಡ್ ರಾಡಿನ ಜೊತೆ ಕಟ್ಟಿಡಲಾಗಿದೆ. ಮುಂದಿನ ಸಲ ಹೊಸ ಕಪ್ ಕೂರಿಸಲು ಅವೇ ಬೇಕು.